ಧ್ವನಿಗೂ ಕಾಲಕ್ಕೂ ಒಂದು ವಿಶ್ವವಿದ್ಯಾಲಯ

ನಮ್ಮ ಕಾಲೇಜಿನ ದೊಡ್ಡ ಉಪನ್ಯಾಸ ಮಂದಿರದಲ್ಲಿ ಒಂದು ದಿನ ಪಾಠ ಮುಗಿದ ಮೇಲೆ ಕೊನೆಯ ಬೆಂಚಿನ ವಿದ್ಯಾರ್ಥಿಯೊಬ್ಬನು ನನ್ನ ಬಳಿ ಬಂದು, “ಸಾರ್, ನೀವು ಮಾತನಾಡುವುದೇನೋ ಕೇಳುತ್ತದೆ; ಏನು ಹೇಳಿದಿರೆಂಬುದು ಮಾತ್ರ ತಿಳಿಯುವುದಿಲ್ಲ” ಎಂದನು. ಇದು ಅವನ ಅಲಕ್ಷ್ಯದ ಫಲವೆಂದೇ ನಾನು ಮೊದಲು ಭಾವಿಸಿದೆ. ಮರುದಿನ ಸಹೋದ್ಯೋಗಿಯೊಬ್ಬರು ಪಾಠ ಹೇಳುತ್ತಿದ್ದಾಗ ಅವನ ಪಕ್ಕದಲ್ಲಿ ಹೋಗಿ ಕುಳಿತೆ. ಹುಡುಗನು ಹೇಳಿದ್ದು ನಿಜ. ಒಂದು ಮಾತು ಇನ್ನೂ ಗೋಡೆಗಳ ನಡುವೆ ಸುಳಿಯುತ್ತಿರುವಾಗಲೇ ಮುಂದಿನ ಮಾತು ಬಂದು ಅದರ ಮೇಲೆ ಬೀಳುತ್ತಿತ್ತು. ಆ ಬೆಂಚಿನವರು ಶುಲ್ಕ ತೆತ್ತು ವರ್ಷವಿಡೀ ಗದ್ದಲವನ್ನೇ ಕೇಳುತ್ತಿದ್ದರು.

ಅಂದಿನಿಂದ ನನ್ನ ಮನಸ್ಸಿನಲ್ಲಿ ಒಂದು ವಿಶ್ವವಿದ್ಯಾಲಯವು ಎದ್ದು ನಿಂತಿದೆ. ಅದು ಯಾವ ಭೂಪಟದಲ್ಲಿಯೂ ಇಲ್ಲ. ಅಲ್ಲಿ ಬೋಧಿಸುವ ವಿಷಯಗಳು ಎರಡೇ: ಧ್ವನಿ ಮತ್ತು ಕಾಲ. (ಶಬ್ದಶಾಸ್ತ್ರವೆಂದು ಫಲಕ ಹಾಕಿದರೆ ವ್ಯಾಕರಣ ಕಲಿಯಬಯಸುವವರು ಬಂದಾರು, ಆದುದರಿಂದ ಧ್ವನಿಯೆಂದೇ ಇರಲಿ.) ಇವೆರಡನ್ನು ಒಂದೇ ಸೂರಿನಡಿ ಏಕೆ ತರಬೇಕೆಂದು ವಾಚಕರು ಕೇಳಬಹುದು. ಚಿತ್ರವೊಂದನ್ನು ನಾವು ಒಮ್ಮೆಗೇ ನೋಡಬಲ್ಲೆವು. ಮಾತನ್ನಾಗಲಿ ರಾಗವನ್ನಾಗಲಿ ಒಮ್ಮೆಗೇ ಕೇಳಲಾರೆವು. ಒಂದು ಅಕ್ಷರವು ಅಳಿದರೆ ಮಾತ್ರ ಮುಂದಿನದಕ್ಕೆ ಎಡೆಯುಂಟು. ನಮ್ಮ ಉಪನ್ಯಾಸ ಮಂದಿರದಲ್ಲಿ ಕೆಟ್ಟಿದ್ದು ಧ್ವನಿಯಲ್ಲ, ಅದು ಅಳಿಯಲು ತೆಗೆದುಕೊಳ್ಳುವ ಕಾಲ.

ಈ ವಿಶ್ವವಿದ್ಯಾಲಯದ ಮೊದಲನೆಯ ಪಾಠ ಗೆಲಿಲಿಯೋನದು. ಅವನ ತಂದೆ ವಿಂಚೆನ್ಜೊ ಲ್ಯೂಟ್ ಎಂಬ ತಂತಿವಾದ್ಯದ ವಿದ್ವಾಂಸ. ಇಳಿಜಾರಿನಲ್ಲಿ ಉರುಳುವ ಗುಂಡಿನ ಕಾಲವನ್ನು ನೀರಿನ ಗಡಿಯಾರದಿಂದ ಅಳೆದುದಾಗಿ ಗೆಲಿಲಿಯೋ 1638ರ ತನ್ನ ಗ್ರಂಥದಲ್ಲಿ ಹೇಳಿದ್ದಾನೆ. ಆದರೆ ಅವನ ಹಸ್ತಪ್ರತಿಗಳನ್ನು ಪರಿಶೀಲಿಸಿದ ಸ್ಟಿಲ್ಮನ್ ಡ್ರೇಕ್ ಎಂಬ ಇತಿಹಾಸಕಾರರು 1970ರ ದಶಕದಲ್ಲಿ ಇನ್ನೊಂದು ಊಹೆಯನ್ನು ಮುಂದಿಟ್ಟರು: ಹಲಗೆಗೆ ಅಡ್ಡಲಾಗಿ ಕಟ್ಟಿದ ತಂತಿಗಳನ್ನು ಗುಂಡು ದಾಟುವಾಗ ಆಗುವ ‘ಟಕ್’ ಸದ್ದುಗಳು ಸಮ ತಾಳದಲ್ಲಿ ಬೀಳುವವರೆಗೆ ತಂತಿಗಳನ್ನು ಸರಿಸುತ್ತ ಹೋದನೆಂದು. ಹಾಗೆ ಸರಿಸಿದರೆ ತಂತಿಗಳ ನಡುವಿನ ಅಂತರಗಳು 1, 3, 5, 7ರ ಪ್ರಮಾಣದಲ್ಲಿ ನಿಲ್ಲುತ್ತವೆ. ಈ ಊಹೆಯನ್ನು ಒಪ್ಪಲು ನನಗೇನೂ ಕಷ್ಟವಿಲ್ಲ. ಸಂಗೀತ ಕಛೇರಿಯಲ್ಲಿ ತಾಳ ತಪ್ಪಿದರೆ ಗಡಿಯಾರವನ್ನೇ ನೋಡಲು ಬಾರದವರೂ ತಲೆಯೆತ್ತುತ್ತಾರೆ.

ಎರಡನೆಯ ಪಾಠಕ್ಕೆ ಮದರಾಸಿಗೆ ಹೋಗಬೇಕು. ಅಲ್ಲಿಯ ಖಗೋಲ ವೀಕ್ಷಣಾಲಯದ ಜಾನ್ ಗೋಲ್ಡಿಂಗ್‌ಹ್ಯಾಮ್ 1820-21ರಲ್ಲಿ ಸೇಂಟ್ ಜಾರ್ಜ್ ಕೋಟೆಯಲ್ಲಿಯೂ ಸೇಂಟ್ ಥಾಮಸ್ ಬೆಟ್ಟದಲ್ಲಿಯೂ ಹಾರಿಸುತ್ತಿದ್ದ ಫಿರಂಗಿಗಳ ಮಿಂಚನ್ನು ಕಂಡು, ಸದ್ದು ಬರುವವರೆಗಿನ ಸೆಕೆಂಡುಗಳನ್ನು ಎಣಿಸಿದರು. ಬೆಟ್ಟದ ಫಿರಂಗಿ ಸುಮಾರು 9 ಕಿಲೋಮೀಟರು ದೂರ. ಅದರ ಸದ್ದಿಗೆ ಸುಮಾರು 26 ಸೆಕೆಂಡು ಕಾಯಬೇಕು. ತಿಂಗಳು ತಿಂಗಳಿಗೂ ವೇಗವು ಬೇರೆಯಾಗುವುದನ್ನು ಅವರು ಕಂಡರು. ಗಾಳಿಯ ಉಷ್ಣತೆ 20 ಡಿಗ್ರಿ ಸೆಲ್ಸಿಯಸ್ ಇದ್ದಾಗ ಧ್ವನಿಯು ಸೆಕೆಂಡಿಗೆ 343 ಮೀಟರು ಚಲಿಸುತ್ತದೆ. ಉಷ್ಣತೆ ಒಂದು ಡಿಗ್ರಿ ಏರಿದರೆ ವೇಗವು ಸುಮಾರು 0.6 ಮೀಟರು ಹೆಚ್ಚುತ್ತದೆ.

ಮೂರನೆಯದು ನಮ್ಮ ನಾಡಿನಲ್ಲಿಯೇ ಇದೆ. ವಿಜಯಪುರದಲ್ಲಿ 1656ರಲ್ಲಿ ಪೂರ್ಣಗೊಂಡ ಗೋಲ ಗುಮ್ಮಟದ ಒಳವ್ಯಾಸ ಸುಮಾರು 38 ಮೀಟರು. ಅಲ್ಲಿ ಚಪ್ಪಾಳೆ ತಟ್ಟಿದರೆ ಸದ್ದು ಎದುರು ಗೋಡೆಗೆ ಹೋಗಿ ಮರಳಲು 0.22 ಸೆಕೆಂಡು ಬೇಕು. ಎರಡು ಸದ್ದುಗಳ ನಡುವೆ ಸುಮಾರು ಹತ್ತನೆಯ ಒಂದು ಸೆಕೆಂಡು ಅಂತರವಿದ್ದರೆ ಕಿವಿಯು ಅವನ್ನು ಬೇರೆ ಬೇರೆಯಾಗಿ ಗ್ರಹಿಸುತ್ತದೆ. ಆದುದರಿಂದಲೇ ಅಲ್ಲಿ ಪ್ರತಿಧ್ವನಿಗಳನ್ನು ಒಂದೊಂದಾಗಿ ಎಣಿಸಬಹುದು. ಗೋಡೆಯು 17 ಮೀಟರಿಗಿಂತ ಹತ್ತಿರವಿದ್ದರೆ ಹಾಗೆ ಎಣಿಸಲಾಗದು. ನೂರಾರು ಪ್ರತಿಧ್ವನಿಗಳು ಒಂದಕ್ಕೊಂದು ಬೆಸೆದು ಉದ್ದನೆಯ ಬಾಲವಾಗುತ್ತವೆ. ಇದೇ ಅನುರಣನ, ನಮ್ಮ ಕೊನೆಯ ಬೆಂಚಿನ ಶತ್ರು.

ಈ ಶತ್ರುವನ್ನು ಮೊದಲು ಅಳೆದು ನೋಡಿದವರು ಅಮೆರಿಕೆಯ ಹಾರ್ವರ್ಡ್ ವಿಶ್ವವಿದ್ಯಾಲಯದ ಭೌತವಿಜ್ಞಾನದ ತರುಣ ಅಧ್ಯಾಪಕ ವಾಲೆಸ್ ಸೇಬಿನ್. 1895ರಲ್ಲಿ ಅಲ್ಲಿಯ ಫಾಗ್ ವಸ್ತುಸಂಗ್ರಹಾಲಯದ ಹೊಸ ಉಪನ್ಯಾಸ ಮಂದಿರದಲ್ಲಿ ಯಾರ ಮಾತೂ ಅರ್ಥವಾಗುತ್ತಿರಲಿಲ್ಲ. ಸರಿಪಡಿಸುವ ಕೆಲಸ ಸೇಬಿನ್ ಅವರ ಪಾಲಿಗೆ ಬಂದಿತು. ಖಾಲಿ ಮಂದಿರದಲ್ಲಿ ಆಡಿದ ಮಾತು ಐದೂವರೆ ಸೆಕೆಂಡು ಉಳಿಯುತ್ತಿತ್ತು. ಅಷ್ಟರಲ್ಲಿ ನಿಧಾನವಾಗಿ ಮಾತನಾಡುವವರೂ ಇನ್ನೂ ಹನ್ನೆರಡು ಹದಿನೈದು ಅಕ್ಷರಗಳನ್ನು ನುಡಿದುಬಿಟ್ಟಿರುತ್ತಾರೆ!

ಸೇಬಿನ್ ಅವರ ಉಪಕರಣಗಳು ಒಂದು ಆರ್ಗನ್ ಕೊಳವೆ, ಕಾಲಮಾಪಕ ಮತ್ತು ತಮ್ಮ ಕಿವಿ. ಊರು ನಿದ್ರಿಸುವ ಹೊತ್ತಿನಲ್ಲಿ ಸಮೀಪದ ಸ್ಯಾಂಡರ್ಸ್ ರಂಗಮಂದಿರದಿಂದ ಆಸನದ ಮೆತ್ತೆಗಳನ್ನು ಹೊತ್ತು ತಂದು, ಕೆಲವು ಕೆಲವಾಗಿ ಹರಡಿ, ಪ್ರತಿಸಲವೂ ಧ್ವನಿ ಅಡಗುವ ಕಾಲವನ್ನು ಅಳೆಯುತ್ತಿದ್ದರು. ಬೆಳಗಾಗುವುದರೊಳಗೆ ಮೆತ್ತೆಗಳು ಸ್ವಸ್ಥಾನಕ್ಕೆ ಮರಳಬೇಕಾಗಿತ್ತು. ತಾವು ತೊಟ್ಟ ಬಟ್ಟೆಯೂ ಧ್ವನಿಯನ್ನು ಹೀರಿ ಲೆಕ್ಕವನ್ನು ಕೆಡಿಸುತ್ತದೆಂದು ತಿಳಿದಾಗ ಹಿಂದಿನ ಅಳತೆಗಳನ್ನು ಬದಿಗೊತ್ತಿ, ಮುಂದೆ ಪ್ರಯೋಗಕ್ಕೆ ಯಾವಾಗಲೂ ಒಂದೇ ಉಡುಪನ್ನು ಧರಿಸಿದರು. ಭೌತವಿಜ್ಞಾನದಲ್ಲಿ ಕೋಟು ಷರಾಯಿಗಳಿಗೆ ಇಷ್ಟು ಗೌರವ ಮತ್ತೆಲ್ಲಿ ದೊರೆತಿದೆಯೋ ಕಾಣೆ.

1898ರಲ್ಲಿ ನಿಯಮವು ಹೊಳೆಯಿತು. ಕೊಠಡಿಯ ಘನ ಅಳತೆಯನ್ನು 0.161ರಿಂದ ಗುಣಿಸಿ, ಅಲ್ಲಿಯ ಒಟ್ಟು ಹೀರುವ ಶಕ್ತಿಯಿಂದ ಭಾಗಿಸಿದರೆ ಅನುರಣನದ ಕಾಲವು ಸೆಕೆಂಡುಗಳಲ್ಲಿ ಸಿಗುತ್ತದೆ. ಹೀರುವ ಶಕ್ತಿಗೆ ಮೂಲಮಾನ ತೆರೆದ ಕಿಟಕಿ. ಅದರೊಳಗೆ ಹೋದ ಧ್ವನಿಯು ಮರಳುವುದಿಲ್ಲವಷ್ಟೆ. 1900ರಲ್ಲಿ ತೆರೆದ ಬಾಸ್ಟನ್ ಸಿಂಫನಿ ಸಭಾಂಗಣವನ್ನು ಈ ಲೆಕ್ಕದಂತೆಯೇ ಕಟ್ಟಿದರು. ಅದು ಇಂದಿಗೂ ಜಗತ್ತಿನ ಶ್ರೇಷ್ಠ ಸಂಗೀತ ಮಂದಿರಗಳಲ್ಲೊಂದು.

ಇರಲಿ, ನಮ್ಮ ಮಂದಿರಕ್ಕೆ ಬರೋಣ. ಉದ್ದ 16 ಮೀಟರು, ಅಗಲ 10, ಎತ್ತರ 6. ಘನ ಅಳತೆ 960. ಬಲೂನುಗಳನ್ನು ಒಡೆದು, ಸದ್ದನ್ನು ಮೊಬೈಲ್ ಫೋನಿನಲ್ಲಿ ಮುದ್ರಿಸಿಕೊಂಡು ನೋಡಿದಾಗ ಅನುರಣನದ ಕಾಲ ಸುಮಾರು 3 ಸೆಕೆಂಡು ಬಂದಿತು. ಪಾಠಕ್ಕೆ ಒಂದು ಸೆಕೆಂಡಿಗಿಂತ ಕಡಿಮೆಯಿರಬೇಕು. ಲೆಕ್ಕದಂತೆ ನಮ್ಮ ಗೋಡೆ, ಚಾವಣಿ, ಬೆಂಚುಗಳೆಲ್ಲ ಸೇರಿ ಹೀರುವುದು 52 ಚದರ ಮೀಟರು ಕಿಟಕಿಗೆ ಸಮ. ವಿದ್ಯಾರ್ಥಿಗಳು ನೂರು ಮಂದಿ ಬಂದು ಕುಳಿತರೆ ಇನ್ನೊಂದು 45 ಕೂಡುತ್ತದೆ. ಆಗಲೂ ಕಾಲವು 1.6 ಸೆಕೆಂಡು. ನಿಜವಾದ ಕಿಟಕಿಗಳನ್ನೇ ತೆರೆಯಬಹುದಾಗಿತ್ತು, ಹೊರಗೆ ಬಸ್ಸುಗಳ ಹಾರನ್ನುಗಳು ಇಲ್ಲದಿದ್ದರೆ.

ಒಂದು ಭಾನುವಾರ ವಿದ್ಯಾರ್ಥಿಗಳು ತಮ್ಮ ನಿಲಯದಿಂದ ಮೂವತ್ತು ಹಾಸಿಗೆಗಳನ್ನು ಹೊತ್ತು ತಂದು ಹಿಂದಿನ ಗೋಡೆಗೂ ಪಕ್ಕದ ಗೋಡೆಗಳಿಗೂ ಒರಗಿಸಿದರು. ಖಾಲಿ ಮಂದಿರದ 3 ಸೆಕೆಂಡು 2ಕ್ಕೆ ಇಳಿಯಿತು. ನಾನು ವೇದಿಕೆಯಿಂದ ಗೆಲಿಲಿಯೋನ ಕಥೆಯನ್ನು ಹೇಳಿದೆ. ಕೊನೆಯ ಬೆಂಚಿನ ಆ ಹುಡುಗನು ಅದನ್ನು ಬಹುಮಟ್ಟಿಗೆ ತಪ್ಪಿಲ್ಲದೆ ಬರೆದುಕೊಂಡನು. ರಾತ್ರಿ ಮಲಗುವ ಹೊತ್ತಿಗೆ ಹಾಸಿಗೆಗಳು ನಿಲಯಕ್ಕೆ ಮರಳಬೇಕಾಯಿತು. ಚಾವಣಿಗೆ ಧ್ವನಿ ಹೀರುವ ಹಲಗೆಗಳನ್ನು ಹಾಕಿಸಬೇಕೆಂದು ಲೆಕ್ಕಸಹಿತ ಅರ್ಜಿ ಕೊಟ್ಟಿದ್ದೇವೆ. ಉತ್ತರ ಇನ್ನೂ ಬಂದಿಲ್ಲ. ಆ ಹುಡುಗನು ಈಗ ಎರಡನೆಯ ಬೆಂಚಿಗೆ ಬಂದಿದ್ದಾನೆ. ಅವನ ಹಳೆಯ ಜಾಗದಲ್ಲಿ ಈ ವರ್ಷ ಸೇರಿದ ಒಬ್ಬಳು ಕುಳಿತುಕೊಳ್ಳುತ್ತಾಳೆ.