ಯಾರೂ ಬರೆಯದ ಏಳು ಅಕ್ಷರ

ರಾಯಚೂರಿನಿಂದ ಹೈದರಾಬಾದ್ ರಸ್ತೆ ಹಿಡಿದು ಹೊರಟರೆ, ಕೃಷ್ಣೆ ಕಾಣುವ ಮೊದಲೇ ಶಕ್ತಿನಗರದ ಚಿಮಣಿಗಳು ಕಾಣುತ್ತವೆ. 1985ರಲ್ಲಿ ಮೊದಲ ಘಟಕ ಶುರುವಾದ ಇಲ್ಲಿನ ಶಾಖೋತ್ಪನ್ನ ವಿದ್ಯುತ್ ಕೇಂದ್ರದಲ್ಲಿ ಈಗ ಎಂಟು ಘಟಕ, ಒಟ್ಟು 1,720 ಮೆಗಾವಾಟ್. ಈ ಊರಿನ ಹೆಸರೆತ್ತಿದರೆ ಹೊರಗಿನವರಿಗೆ ಹೊಳೆಯುವುದು ಕಲ್ಲಿದ್ದಲು, ಹಾರುಬೂದಿ, ಕರೆಂಟು. ಆದರೆ ಇಲ್ಲಿನ ಕಾಲೊನಿಯ ಒಂದು ಪೀಳಿಗೆಯ ಹುಡುಗರನ್ನು ಕೇಳಿ ನೋಡಿ: ಹತ್ತನೇ ಕ್ಲಾಸಿನ ಸೂತ್ರಗಳು ಮರೆತಿರಬಹುದು, ಬಿ-ಟಿ-ಸಿ-ಡಿ-ಬಿ-ಸಿ-ಬಿ ಮರೆತಿರುವುದಿಲ್ಲ. ಈ ಮಾತು ಸಿಂಧನೂರಿಗೂ ಅನ್ವಯಿಸುತ್ತದೆ, ಶಿವಮೊಗ್ಗಕ್ಕೂ. ಕಂಪ್ಯೂಟರ್ ಮೇಲೆ ‘ಗ್ರ್ಯಾಂಡ್ ಥೆಫ್ಟ್ ಆಟೋ: ಸ್ಯಾನ್ ಆಂಡ್ರಿಯಾಸ್’ ಆಡಿದ ಎಲ್ಲ ಊರಿನವರಿಗೂ ಅದು ಬಾಯಿಪಾಠ.

ಆಟದ ನಾಯಕ ಕಾರ್ಲ್ ಜಾನ್ಸನ್, ಹುಡುಗರ ಬಾಯಲ್ಲಿ ಸಿ.ಜೆ. ಅವನು ಬೀದಿಯಲ್ಲಿ ನಿಂತಿದ್ದಾಗಲೇ ಕೀಲಿಮಣೆಯಲ್ಲಿ ಆ ಏಳು ಅಕ್ಷರ ಒತ್ತಬೇಕು. ಒತ್ತುವಾಗ ಆಗುವುದನ್ನು ಗಮನಿಸಿದವರಿಗೆ ಗೊತ್ತು: ‘ಸಿ’ ಕೀಲಿ ಆಟದಲ್ಲಿ ಕೂರುವುದಕ್ಕೂ ಇದೆ, ‘ಡಿ’ ಬಲಕ್ಕೆ ಸರಿಯುವುದಕ್ಕೂ ಇದೆ. ಹಾಗಾಗಿ ಸಿ.ಜೆ. ಮೊದಲು ಗಬಕ್ಕನೆ ಕುಕ್ಕರಗಾಲಲ್ಲಿ ಕೂರುತ್ತಾನೆ, ಅರೆಕ್ಷಣ ಪಕ್ಕಕ್ಕೆ ಜರುಗುತ್ತಾನೆ, ಮತ್ತೆ ಎದ್ದು ನಿಲ್ಲುತ್ತಾನೆ. ಕೊನೆಯ ‘ಬಿ’ ಬಿದ್ದ ಕ್ಷಣ ಪರದೆಯ ಎಡ ಮೂಲೆಯಲ್ಲಿ ಒಂದು ಸಾಲು ಮೂಡುತ್ತದೆ, ಅಂಗಿಯೊಳಗಿನ ಹೊಟ್ಟೆ ಒಮ್ಮೆಲೇ ಮುಂದಕ್ಕೆ ಬರುತ್ತದೆ, ಕೆನ್ನೆ ತುಂಬಿಕೊಳ್ಳುತ್ತದೆ. “ಏ, ದಪ್ಪ ಆದ ನೋಡಲೇ!” ಹಿಂದೆ ನಿಂತು ತಮ್ಮ ಪಾಳಿಗೆ ಕಾಯುತ್ತಿದ್ದವರೆಲ್ಲ ಬಗ್ಗಿ ನೋಡುತ್ತಿದ್ದರು. ಜೆ-ವೈ-ಎಸ್-ಡಿ-ಎಸ್-ಓ-ಡಿ ಒತ್ತಿದರೆ ಅದೇ ಮೈ ಪೈಲ್ವಾನನದು. ಕೆ-ವಿ-ಜಿ-ವೈ-ಜೆಡ್-ಕ್ಯೂ-ಕೆ ಅಂದರೆ ಹಂಚೀಕಡ್ಡಿ.

ನೋಟ್‌ಬುಕ್ಕಿನ ಕೊನೆಯ ಪುಟದಲ್ಲಿ ಬರೆದುಕೊಂಡು, ಒಬ್ಬರಿಂದೊಬ್ಬರಿಗೆ ನಕಲಾಗಿ ಬಂದ ಈ ಅಕ್ಷರಗಳನ್ನು ಆಟ ಮಾಡಿದ ಕಂಪನಿಯೇ ಇಟ್ಟಿದೆ ಎಂದು ಎಲ್ಲರೂ ನಂಬಿದ್ದರು. ಕಂಪನಿ ಅವನ್ನು ಇಟ್ಟಿರಲಿಲ್ಲ. ಯಾರೂ ಇಟ್ಟಿರಲಿಲ್ಲ.

ಆಡುತ್ತಿರುವಾಗಲೇ ನಾಯಕನ ರೂಪ ಬದಲಿಸುವ ಚಪಲ ಈ ಆಟದ ಸರಣಿಯಲ್ಲಿ ಸ್ವಲ್ಪ ಹಿಂದಿನದು. 2002ರಲ್ಲಿ ಕಂಪ್ಯೂಟರಿಗೆ ಬಂದ ಮೂರನೆಯ ಆಟದಲ್ಲಿ ‘ಐ ಲೈಕ್ ಡ್ರೆಸಿಂಗ್ ಅಪ್’ ಎಂದು ಖಾಲಿ ಜಾಗ ಬಿಡದೆ ಟೈಪ್ ಮಾಡಿದರೆ, ನಾಯಕ ಬೀದಿಯಲ್ಲಿ ಹೋಗುವ ಯಾರೋ ದಾರಿಹೋಕನ ರೂಪಕ್ಕೆ ತಿರುಗುತ್ತಿದ್ದ. ಮರುವರ್ಷ ‘ವೈಸ್ ಸಿಟಿ’ ಬಂದಾಗ ಕಂಪನಿಯವರು ಅದೇ ತಮಾಷೆಯನ್ನು ಮುಂದುವರಿಸಿ ‘ಸ್ಟಿಲ್ ಲೈಕ್ ಡ್ರೆಸಿಂಗ್ ಅಪ್’ ಎಂದು ಇಟ್ಟರು. ಅದರಲ್ಲಿ ‘ಎಲ್’ ಮೂರು ಸಲ ಬರುತ್ತದೆ. ಎರಡೇ ಒತ್ತಿ ‘ಕೋಡ್ ಸುಳ್ಳು’ ಎಂದು ಬೈದುಕೊಂಡವರ ಸಂಖ್ಯೆ ದೊಡ್ಡದು. ವೈಸ್ ಸಿಟಿಯ ನಾಯಕ ಟಾಮಿಗೆ ವೇಷ ಬದಲಿಸಲು ಇನ್ನೊಂದು ಹಾದಿಯೂ ಇತ್ತು. ಅಲ್ಲಲ್ಲಿ ತೇಲುವ ಅಂಗಿಯ ಗುರುತಿನ ಮೇಲೆ ನಡೆದರೆ ಬಟ್ಟೆ ಬದಲಾಗಿ, ಪೊಲೀಸರು ಎಷ್ಟು ಬಿಗಿಯಾಗಿ ಬೆನ್ನು ಹತ್ತಿದ್ದಾರೆಂದು ತೋರಿಸುವ ನಕ್ಷತ್ರಗಳು ಎರಡರೊಳಗಿದ್ದರೆ ಅವರು ಅಲ್ಲಿಗೇ ಕೈಬಿಡುತ್ತಿದ್ದರು. ವೇಷ ಬದಲಿಸಿದವನನ್ನು ಗುರುತು ಹಿಡಿಯದ ಪೊಲೀಸರು ನಮ್ಮ ಸಿನಿಮಾಗಳಲ್ಲೂ ಇದ್ದಾರೆ ಬಿಡಿ.

ಈ ಎರಡೂ ಆಟಗಳಲ್ಲಿ ಆಗುತ್ತಿದ್ದುದು ಗೊಂಬೆಯ ಅದಲುಬದಲು. ನಮ್ಮ ತೊಗಲುಗೊಂಬೆಯಾಟದಲ್ಲಿ ಒಂದೇ ಪಾತ್ರಕ್ಕೆ ಸಂದರ್ಭಕ್ಕೊಂದು ಗೊಂಬೆ ಇರುವ ಹಾಗೆ ಇಲ್ಲಿಯೂ ಹಳೆಯದನ್ನು ಎತ್ತಿ ಹೊಸದನ್ನು ಪರದೆಗೆ ಹಚ್ಚುವುದು. ಸ್ಯಾನ್ ಆಂಡ್ರಿಯಾಸ್ ಮಾಡಿದ ಎಡಿನ್‌ಬರೋದ ರಾಕ್‌ಸ್ಟಾರ್ ನಾರ್ತ್ ತಂಡ ಹಿಡಿದ ದಾರಿ ಬೇರೆ. ಸಿ.ಜೆ.ಯ ಮೈಯ ಒಂದೊಂದು ಭಾಗಕ್ಕೂ, ಅದರ ಮೇಲಿನ ಬಟ್ಟೆಗೂ ಮೂರು ಆಕಾರ ಮಾಡಿಟ್ಟರು: ಸಾಧಾರಣ, ದಪ್ಪ, ಹುರಿಗಟ್ಟಿದ್ದು. ಆಟದ ಲೆಕ್ಕದಲ್ಲಿ ಕೊಬ್ಬು ಅರ್ಧ ಇದ್ದರೆ, ಮೈಯ ಪ್ರತಿ ಬಿಂದುವೂ ಸಾಧಾರಣಕ್ಕೂ ದಪ್ಪಕ್ಕೂ ನಡುವೆ ಅರ್ಧ ದಾರಿಯಲ್ಲಿ ನಿಲ್ಲುತ್ತದೆ. ಚರ್ಮದ ಚಿತ್ರವನ್ನೂ ಹಾಗೆಯೇ ಬೆರೆಸುತ್ತದೆ. ಪಿಜ್ಜಾ, ಬರ್ಗರ್ ತಿಂದರೆ ಕೊಬ್ಬು ಏರುತ್ತದೆ, ಜಿಮ್ಮಿಗೆ ಹೋದರೆ ಮಾಂಸಖಂಡ ಬೆಳೆಯುತ್ತದೆ. ಉಪವಾಸ ಕೆಡವಿದರೆ ಮೊದಲು ಕೊಬ್ಬು, ಆಮೇಲೆ ಮಾಂಸಖಂಡ ಕರಗುತ್ತದೆ. ಒಂದೇ ಸಮ ತಿನ್ನಿಸಿದರೆ ಅಂಗಡಿಯಲ್ಲೇ ವಾಂತಿ. 2004ರ ಆಟಕ್ಕೆ ಇದು ದೊಡ್ಡ ಸಾಹಸ, ನನ್ನ ಪ್ರಕಾರ ಆ ಆಟದ ಅತ್ಯಂತ ಜಾಣ ಕೆಲಸವೂ ಇದೇ. ಆದರೆ ಸೈಬರ್ ಕೆಫೆಯಲ್ಲಿ ಗಂಟೆಗೆ ಇಷ್ಟು ರೂಪಾಯಿ ಎಂದು ಕೊಟ್ಟು ಕೂತವನು ಜಿಮ್ಮಿನಲ್ಲಿ ಸೈಕಲ್ ತುಳಿಯುತ್ತಾನೆಯೇ? ಅವನಿಗೆ ಕೋಡ್ ಬೇಕು.

ಕೋಡ್ ಸಿಕ್ಕಿದ ಬಗೆಯೇ ಇಲ್ಲಿನ ಸ್ವಾರಸ್ಯ.

ಆಟ 2004ರ ಅಕ್ಟೋಬರಿನಲ್ಲಿ ಮೊದಲು ಬಂದದ್ದು ಪ್ಲೇಸ್ಟೇಷನ್ 2ಕ್ಕೆ. ಅದಕ್ಕೆ ಕೀಲಿಮಣೆ ಇಲ್ಲ, ಕೈಗುಂಡಿಗಳಷ್ಟೇ. ಅಲ್ಲಿ ಮೈ ಬದಲಿಸುವ ಮೂರು ಕೋಡುಗಳೂ ಒಂದೇ ಥರ ಶುರುವಾಗುತ್ತವೆ: ತ್ರಿಕೋನ, ಮೇಲೆ, ಮೇಲೆ, ಎಡ, ಬಲ, ಚೌಕ, ವೃತ್ತ. ಕೊನೆಯ ಗುಂಡಿ ಕೆಳಗಿನದಾದರೆ ದಪ್ಪ, ಎಡದ್ದಾದರೆ ಪೈಲ್ವಾನ, ಬಲದ್ದಾದರೆ ಸಣಕಲ. ಮೂರೂ ಒಂದೇ ಮನೆಯವು ಎಂದು ನೋಡಿದ ಕೂಡಲೇ ತಿಳಿಯುತ್ತದೆ. 2005ರ ಜೂನ್‌ನಲ್ಲಿ ಕಂಪ್ಯೂಟರ್ ಆವೃತ್ತಿ ಬಂದಾಗ ಆ ಸಂಬಂಧದ ಸುಳಿವೇ ಉಳಿಯಲಿಲ್ಲ.

ಹಿಂದಿನ ರೂಢಿ ಹೀಗಿತ್ತು. ಹೊಸ ಆಟ ಬಂದರೆ ಕೈಚಳಕ ಇದ್ದವರು ಅದರ ಮುಖ್ಯ ಕಡತವನ್ನು ತೆರೆದು ಒಳಗಿನ ಅಕ್ಷರಗಳನ್ನು ಓದುತ್ತಿದ್ದರು. ಮೂರನೆಯ ಆಟದಲ್ಲಿ ಕೋಡುಗಳನ್ನು ಹಿಂದುಮುಂದಾಗಿ ಬರೆದಿದ್ದರು, ಅಷ್ಟೇ. ಆಟ ನೀವು ಒತ್ತಿದ ಅಕ್ಷರಗಳಲ್ಲಿ ಹೊಸದನ್ನು ಮುಂದಿಟ್ಟು ಜೋಡಿಸುತ್ತದೆ, ಆದ್ದರಿಂದ ಹೋಲಿಸುವ ಪದವೂ ತಿರುಗುಮುರುಗು. ಬಲದಿಂದ ಎಡಕ್ಕೆ ಓದಿದರೆ ಗುಟ್ಟು ಬಯಲು. ಸ್ಯಾನ್ ಆಂಡ್ರಿಯಾಸ್ ಕಡತ ತೆರೆದವರಿಗೆ ಪದಗಳೇ ಸಿಗಲಿಲ್ಲ. ಸಿಕ್ಕಿದ್ದು ಸಂಖ್ಯೆಗಳ ಒಂದು ಪಟ್ಟಿ.

ಕಂಪನಿಯವರು ಪ್ರತಿ ಕೋಡ್ ಪದವನ್ನೂ ಒಂದು ಲೆಕ್ಕಕ್ಕೆ ಹಾಕಿ, ಬಂದ ಉತ್ತರವನ್ನು ಮಾತ್ರ ಇಟ್ಟು ಪದವನ್ನು ತೆಗೆದುಬಿಟ್ಟಿದ್ದರು. ನೀವು ಒತ್ತಿದ್ದನ್ನೂ ಆಟ ಅದೇ ಲೆಕ್ಕಕ್ಕೆ ಹಾಕುತ್ತದೆ. ಉತ್ತರ ಪಟ್ಟಿಯಲ್ಲಿದ್ದರೆ ಕೋಡ್ ಜಾರಿ. ಆ ಲೆಕ್ಕದ ಹೆಸರು ಸಿ.ಆರ್.ಸಿ.-32. ಅಮೆರಿಕದ ಗಣಿತಜ್ಞ ವೆಸ್ಲಿ ಪೀಟರ್ಸನ್ 1961ರಲ್ಲಿ ಹೊರತಂದ ಕ್ರಮದಿಂದ ಬೆಳೆದದ್ದು ಅದು. ತಂತಿಯಲ್ಲಿ ಹೋಗುವ ಮಾಹಿತಿ ನಡುದಾರಿಯಲ್ಲಿ ಕೆಟ್ಟಿದೆಯೇ ಎಂದು ಪತ್ತೆ ಹಚ್ಚಲು ಹುಟ್ಟಿದ ಲೆಕ್ಕ. ಜಿಪ್ ಕಡತದಲ್ಲೂ ಇಂದಿಗೂ ಅದೇ ಕಾವಲು. ಗುಟ್ಟು ಕಾಯುವುದಕ್ಕಾಗಿ ಅದನ್ನು ಯಾರೂ ಮಾಡಿದ್ದಲ್ಲ. ಆದರೂ ಉತ್ತರ ನೋಡಿ ಮೂಲ ಪದ ಇಂಥದ್ದೇ ಎಂದು ಹೇಳಲು ಬರುವುದಿಲ್ಲ, ಏಕೆಂದರೆ ಒಂದೇ ಉತ್ತರ ಕೊಡುವ ಪದಗಳು ಎಷ್ಟೋ ಇರುತ್ತವೆ. 

ಎಷ್ಟೋ ಪದ ಇರುತ್ತವೆ ಎಂಬಲ್ಲೇ ಬಾಗಿಲು ತೆರೆದಿತ್ತು. ಮೂಲ ಪದ ಸಿಗದಿದ್ದರೆ ಬೇಡ, ಅದೇ ಉತ್ತರ ಕೊಡುವ ಯಾವುದೋ ಒಂದು ಅಕ್ಷರದ ಸಾಲು ಸಿಕ್ಕರೆ ಸಾಕಲ್ಲ? ಆಟಕ್ಕೆ ಎರಡರ ವ್ಯತ್ಯಾಸ ತಿಳಿಯುವುದಿಲ್ಲ. ಒಂದು ಪುಟ್ಟ ಪ್ರೋಗ್ರಾಂ ಬರೆದು, ‘ಎ’ಗಳಿಂದ ‘ಜೆಡ್’ಗಳವರೆಗೆ ಎಲ್ಲ ಜೋಡಣೆಗಳನ್ನೂ ಒಂದೊಂದಾಗಿ ಲೆಕ್ಕಕ್ಕೆ ಹಾಕುತ್ತ ಹೋದರಾಯಿತು.

ಇಲ್ಲಿ ಸ್ವಲ್ಪ ಗಣಿತ ಮಾಡೋಣ, ರುಚಿ ಇರುವುದು ಇದರಲ್ಲೇ. ಸಿ.ಆರ್.ಸಿ.-32 ಕೊಡಬಹುದಾದ ಉತ್ತರಗಳು ಒಟ್ಟು 4,29,49,67,296, ಅಂದರೆ 429 ಕೋಟಿಯ ಮೇಲೆ. ಇಂಗ್ಲಿಷಿನ 26 ಅಕ್ಷರಗಳಿಂದ ಆರಕ್ಷರದ ಸಾಲು ಮಾಡಿದರೆ 30.89 ಕೋಟಿ ಮಾತ್ರ. ಬೇಕಾದ ಉತ್ತರ ಅದರೊಳಗೆ ಸಿಗುವ ಸಂಭವ ಹದಿನಾಲ್ಕಕ್ಕೆ ಒಂದು. ಏಳಕ್ಷರಕ್ಕೆ ಹೋದರೆ 803 ಕೋಟಿ ಸಾಲುಗಳು. ಈಗ ಒಂದೊಂದು ಉತ್ತರದ ಪಾಲಿಗೆ ಸರಾಸರಿ ಎರಡರ ಹತ್ತಿರ ಸಾಲು ಬೀಳುತ್ತದೆ. ಹಾಗಾಗಿ ಹೆಚ್ಚಿನ ಕೋಡುಗಳಿಗೆ ಏಳಕ್ಷರದಲ್ಲೇ ಏನಾದರೊಂದು ಸಿಕ್ಕೇ ಸಿಗಬೇಕು. 803 ಕೋಟಿ ಎಂದರೆ ಎದೆ ಝಲ್ಲೆನ್ನಬಹುದು, ಆದರೆ 2005ರ ಮನೆ ಕಂಪ್ಯೂಟರಿಗೂ ಅದು ಒಂದು ರಾತ್ರಿಯೊಳಗಿನ ಕೆಲಸ.

ಈಗ ನೋಟ್‌ಬುಕ್ಕಿನ ಆ ಕೊನೆಯ ಪುಟವನ್ನು ನೆನೆಯಿರಿ. ಹೆಸೋಯಾಮ್, ಬಗುವಿಕ್ಸ್, ಎಜಾಕ್ಮಿ ಎಂದು ನಾವು ಬಾಯಿಗೆ ಬಂದಂತೆ ಉಚ್ಚರಿಸುತ್ತಿದ್ದ ಕೋಡುಗಳನ್ನು ಇಂಗ್ಲಿಷಿನಲ್ಲಿ ಬರೆದು ಎಣಿಸಿದರೆ ಹೆಚ್ಚಿನವು ಏಳಕ್ಷರ. ಅಲ್ಲೊಂದು ಇಲ್ಲೊಂದು ಆರು, ಎಂಟು. ಅವುಗಳ ಉದ್ದವೇ ಅವು ಹುಟ್ಟಿದ ಬಗೆಗೆ ಸಾಕ್ಷಿ. ಯಾರೋ ಕೂತು ಯೋಚಿಸಿದ ಪದಗಳಾಗಿದ್ದರೆ ಇಷ್ಟು ಒಂದೇ ಅಳತೆಗೆ ಬರುತ್ತಿರಲಿಲ್ಲ.

ಆರಕ್ಕಿಂತ ಚಿಕ್ಕದು ಏಕಿಲ್ಲ ಎಂಬುದಕ್ಕೂ ಕಾರಣವಿದೆ. ಪ್ರತಿ ಕೀಲಿ ಒತ್ತಿದಾಗಲೂ ಆಟ ಕೊನೆಯ ಆರು ಅಕ್ಷರ, ಕೊನೆಯ ಏಳು, ಕೊನೆಯ ಎಂಟು ಹೀಗೆ ಬೇರೆ ಬೇರೆ ಉದ್ದದ ತುಂಡುಗಳನ್ನು ಲೆಕ್ಕಕ್ಕೆ ಹಾಕಿ ನೋಡುತ್ತದೆ. ಆರರ ಕೆಳಗೆ ನೋಡುವುದೇ ಇಲ್ಲ. ಹೀಗೆ ಕೊನೆಯಿಂದ ಎಣಿಸುವುದರಿಂದ ನಮಗೊಂದು ಅನುಕೂಲವಿತ್ತು. ಓಡುವುದಕ್ಕೆ ಒತ್ತಿದ ‘ಡಬ್ಲ್ಯು’ಗಳು ಹಿಂದೆ ಎಷ್ಟು ಬೇಕಾದರೂ ಇರಲಿ, ಕೊನೆಯ ಏಳು ಸರಿಯಿದ್ದರೆ ಸಾಕು. ನಡುವೆ ಒಂದು ತಪ್ಪಿದರೆ ಮಾತ್ರ ಮತ್ತೆ ಮೊದಲಿನಿಂದ. ‘ಎಫ್’ ಇರುವ ಕೋಡನ್ನು ಕಾರಿನ ಪಕ್ಕ ನಿಂತು ಹೊಡೆಯಬಾರದು. ‘ಎಫ್’ ಕಾರು ಹತ್ತುವ ಕೀಲಿ, ಸಿ.ಜೆ. ಕೋಡ್ ಮುಗಿಯುವ ಮೊದಲೇ ಬಾಗಿಲಿಗೆ ಕೈ ಹಾಕಿರುತ್ತಿದ್ದ. ಬಿಸಿಲು ತರಿಸುವ ಎ-ಎಫ್-ಜೆಡ್-ಎಲ್-ಎಲ್-ಕ್ಯೂ-ಎಲ್-ಎಲ್ ಹೊಡೆಯಹೋಗಿ ಪರರ ಕಾರು ಕದ್ದವರು ಬಹಳ. ರಾಯಚೂರಿನವರಿಗೆ ಬಿಸಿಲಿನ ಕೋಡ್ ಯಾಕೆ ಬೇಕಿತ್ತೋ ನಾ ಕಾಣೆ.

ಕಂಪನಿಯವರ ಅಸಲಿ ಪದಗಳು ಆಮೇಲೆ ಬೆಳಕಿಗೆ ಬಂದವು. ಅವೂ ಕೆಲಸ ಮಾಡುತ್ತವೆ. ಯಾರಿಗೂ ಗೊತ್ತಿರಲಿಲ್ಲ ಅಷ್ಟೇ. ಆರೋಗ್ಯ, ರಕ್ಷಾಕವಚ, ಎರಡೂವರೆ ಲಕ್ಷ ಡಾಲರ್ ಕೊಡುವ ಹೆಸೋಯಾಮ್‌ನ ಅಸಲಿ ರೂಪ ‘ಐ ನೀಡ್ ಸಮ್ ಹೆಲ್ಪ್’, ನನಗೊಂದಿಷ್ಟು ಸಹಾಯ ಬೇಕು ಎಂದು. ಪೊಲೀಸರನ್ನು ದೂರವಿಡುವ ಎಜಾಕ್ಮಿ ಕಂಪನಿಯ ಲೆಕ್ಕದಲ್ಲಿ ‘ಐ ಡೂ ಆಸ್ ಐ ಪ್ಲೀಸ್’. ಪೈಲ್ವಾನನ ಕೋಡು ‘ಬಫ್ ಮೀ ಅಪ್’, ಸಣಕಲನದು ‘ಲೀನ್ ಅಂಡ್ ಮೀನ್’. ದಪ್ಪನದು ಎಲ್ಲಕ್ಕಿಂತ ಚಂದ: ‘ಹೂ ಏಟ್ ಆಲ್ ದಿ ಪೈಸ್’, ಕಡುಬೆಲ್ಲ ತಿಂದವನು ಯಾವನು! ಬ್ರಿಟನ್ನಿನ ಫುಟ್‌ಬಾಲ್ ಮೈದಾನಗಳಲ್ಲಿ ಡೊಳ್ಳುಹೊಟ್ಟೆಯ ಆಟಗಾರ ಕಂಡರೆ ಪ್ರೇಕ್ಷಕರು ಒಕ್ಕೊರಲಿನಿಂದ ಕೂಗುವ ಕೂಗು ಅದು. ಎಡಿನ್‌ಬರೋದಲ್ಲಿ ಕೂತ ಪ್ರೋಗ್ರಾಮರುಗಳು ತಮ್ಮೂರಿನ ಗೇಲಿಯನ್ನು ಒಳಗೆ ತುರುಕಿ, ಮೇಲೆ ಲೆಕ್ಕದ ಮುಚ್ಚಳ ಬಡಿದಿದ್ದರು. ಆ ಗೇಲಿ ಯಾರ ಕಿವಿಗೂ ಬೀಳಲಿಲ್ಲ. ಅದರ ಜಾಗದಲ್ಲಿ ಯಂತ್ರ ಹೆಕ್ಕಿ ಕೊಟ್ಟ ಬಿ-ಟಿ-ಸಿ-ಡಿ-ಬಿ-ಸಿ-ಬಿ ಲೋಕವೆಲ್ಲ ಸುತ್ತಿ, ಕೃಷ್ಣಾ ದಂಡೆಯ ಹುಡುಗರ ಬೆರಳಿಗೂ ಬಂತು.

ನಿಜ ಹೇಳಬೇಕೆಂದರೆ ನಮಗೆ ಅದೇ ಒಳ್ಳೆಯದಾಯಿತು. ಹದಿನಾರು ಅಕ್ಷರದ ಇಂಗ್ಲಿಷ್ ವಾಕ್ಯದ ಸ್ಪೆಲ್ಲಿಂಗ್ ನೆನಪಿಡುವುದು ಕನ್ನಡ ಮೀಡಿಯಂ ಹುಡುಗರಿಗೆ ಕಷ್ಟವಿತ್ತು. ವೈಸ್ ಸಿಟಿಯ ಮೂರು ‘ಎಲ್’ಗಳಲ್ಲೇ ಎಡವಿದವರು ನಾವು. ಅರ್ಥವೇ ಇಲ್ಲದ ಏಳಕ್ಷರದ ಮುಂದೆ ಇಂಗ್ಲಿಷ್ ಬಂದವನೂ ಬರದವನೂ ಒಂದೇ.

ಸ್ಯಾನ್ ಆಂಡ್ರಿಯಾಸ್ 2013ರ ಡಿಸೆಂಬರಿನಲ್ಲಿ ಮೊಬೈಲಿಗೆ ಬಂತು. ಫೋನಿನ ಪರದೆಯಲ್ಲಿ ಆಡುವ ಗುಂಡಿಗಳಿವೆ, ಅಕ್ಷರ ಒತ್ತಲು ಜಾಗವಿಲ್ಲ. ಕೋಡುಗಳ ಕಾಲ ಮುಗಿಯಿತು ಎಂದುಕೊಂಡರೆ ಹುಡುಗರು ಓಟಿಜಿ ಕೇಬಲ್ ತಂದು ಕಂಪ್ಯೂಟರಿನ ಕೀಲಿಮಣೆಯನ್ನು ಫೋನಿಗೆ ಸಿಕ್ಕಿಸಿದರು. ಆಂಡ್ರಾಯ್ಡ್ ಆವೃತ್ತಿಯ ಒಳಗೂ ಅದೇ ಹಳೆಯ ಲೆಕ್ಕ ಕೂತಿತ್ತು, ಕೋಡು ನಡೆಯಿತು. ಕೇಬಲ್ ಕೊಳ್ಳಲು ಆಗದವರು ಪರದೆಯ ಮೇಲೆ ತೇಲುವ ಕೀಲಿಮಣೆಯ ಆ್ಯಪ್ ಹಾಕಿಕೊಂಡರು. ಅಂಗೈಯಗಲದ ಪರದೆಯಲ್ಲಿ ಅರ್ಧ ಭಾಗ ಕೀಲಿಮಣೆಗೇ ಹೋಗಿ, ಅದರ ಸಂದಿಯಲ್ಲಿ ಸಿ.ಜೆ.ಯ ಹೊಟ್ಟೆ ಮಾತ್ರ ಕಾಣುತ್ತಿತ್ತು.