ಪೆಟ್ಟಿಗೆ ನಲ್ವತ್ತಡಿ ಸರಿಸಿದೆ, ನೊಣ ಮನೆ ತಪ್ಪಿತು

ಹೋದ ವರ್ಷ ನವೆಂಬರಿನ ಮಾತು. ಹಟ್ಟಿಯ ಹಿಂದೆ ಕಟ್ಟಿಗೆ ಕೊಟ್ಟಿಗೆಗೆ ಜಾಗ ಬೇಕಿತ್ತು. ಅಲ್ಲಿ ತುಡುವೆ ಜೇನಿನ ಒಂದು ಪೆಟ್ಟಿಗೆ, ನಾಲ್ಕು ವರ್ಷದಿಂದ ಅದೇ ಕಲ್ಲಿನ ಮೇಲೆ. ರಾತ್ರಿ ಬಾಗಿಲಿಗೆ ಹಸಿಹುಲ್ಲು ತುರುಕಿ, ನಾನೂ ಮಗನೂ ಸೇರಿ ಎತ್ತಿ ಮನೆಯ ಆಚೆ ಬದಿಗೆ, ಮಲ್ಲಿಗೆ ಸಾಲಿನ ಕೊನೆಗೆ ಇಟ್ಟೆವು. ನಲ್ವತ್ತಡಿ ಆಗಬಹುದು. ಬೆಳಿಗ್ಗೆ ಹುಲ್ಲು ತೆಗೆದೆ, ನೊಣಗಳು ಹೊರಟವು, ನಾನು ಸಂತೆಕಟ್ಟೆಗೆ ಸಾಮಾನಿಗೆ ಹೋದೆ.

ಮಧ್ಯಾಹ್ನ ಬಂದು ನೋಡಿದರೆ ಹಟ್ಟಿಯ ಹಿಂದೆ ಖಾಲಿ ಕಲ್ಲಿನ ಮೇಲೆ ನೊಣಗಳ ಮೋಡ. ಕಾಲಿಗೆ ಪರಾಗದ ಉಂಡೆ ಕಟ್ಟಿಕೊಂಡು ಬಂದವು, ಪೆಟ್ಟಿಗೆ ಇದ್ದ ಜಾಗದಲ್ಲೇ ಗಿರಕಿ ಹೊಡೆಯುತ್ತಿವೆ. ಪೆಟ್ಟಿಗೆಯ ಬಾಗಿಲು ಮೊದಲು ಎಷ್ಟು ಎತ್ತರದಲ್ಲಿ ಇತ್ತೋ ಸರಿಯಾಗಿ ಅಷ್ಟೇ ಎತ್ತರದಲ್ಲಿ. ಸಂಜೆಗೆ ಗುಡುಗು ಮಳೆ ಬಂತು. ಮರುದಿನ ಕಲ್ಲಿನ ಬುಡದಲ್ಲಿ ಎರಡು ಬೊಗಸೆ ಸತ್ತ ನೊಣ. ಇರುವೆ ಎಳೆಯುತ್ತಿತ್ತು. ಒಳಗೆ ಉಳಿದದ್ದು ರಾಣಿ, ಮರಿ ಮತ್ತು ಹೊರಗೆ ಹೋಗಿ ಅಭ್ಯಾಸ ಇಲ್ಲದ ಎಳೆ ನೊಣಗಳು. ಆ ಕುಟುಂಬ ಸಕ್ಕರೆ ಪಾಕ ಕುಡಿದುಕೊಂಡು ಜನವರಿವರೆಗೆ ಹೇಗೋ ಎಳೆಯಿತು. ಆ ವರ್ಷ ಅದರಿಂದ ಒಂದು ಚಮಚ ಜೇನೂ ಬರಲಿಲ್ಲ.

1991–92ರಲ್ಲಿ ಥಾಯ್ ಸ್ಯಾಕ್‌ಬ್ರೂಡ್ ರೋಗ ಬಂದು ಜಿಲ್ಲೆಯ ತುಡುವೆ ಗುಡಿಸಿ ಹೋದದ್ದನ್ನು ನೋಡಿದವರ ಮನೆ ನಮ್ಮದು. ಅಪ್ಪ ಖಾಲಿ ಪೆಟ್ಟಿಗೆಗಳನ್ನು ಅಟ್ಟಕ್ಕೆ ಹಾಕಿದ್ದರು. ಎಷ್ಟೋ ವರ್ಷದ ಮೇಲೆ ನಾನು ಅದನ್ನು ಇಳಿಸಿ ಒಂದೊಂದೇ ಕುಟುಂಬ ಮಾಡಿದ್ದು. ರೋಗದಿಂದ ಹೋದರೆ ಹಣೆಬರಹ. ಇದು ನನ್ನ ಕೈಯಿಂದಲೇ ಆದ ಕೆಲಸ.

ನೆರೆಮನೆಯವರು ಬಂದು ನೋಡಿ ಹೇಳಿದ್ದು ಒಂದೇ ಮಾತು: “ಮೊಬೈಲ್ ಟವರಿನದ್ದು ಮಾರಾಯ್ರೆ. ನೊಣದ ಹೊಟ್ಟೆಯಲ್ಲಿ ಅಯಸ್ಕಾಂತ ಉಂಟಂತೆ, ಟವರಿನಿಂದ ಅದು ಹಾಳಾಗ್ತದೆ.” ಟವರ್ ಐದಾರು ವರ್ಷದಿಂದ ಅಲ್ಲೇ ಉಂಟು. ಉಳಿದ ಮೂರು ಪೆಟ್ಟಿಗೆಗಳ ನೊಣ ಸರಿಯಾಗಿ ಹೋಗಿ ಬರುತ್ತಿತ್ತು. ಆದರೂ ಅವರ ಮಾತಿನಲ್ಲಿ ಅರ್ಧ ಸತ್ಯ ಇತ್ತು. ಹೊಟ್ಟೆಯಲ್ಲಿ ಅಯಸ್ಕಾಂತ ಇರುವುದು ಹೌದು. ಹಾಗಾದರೆ ಒಂದು ಕಿಲೋಮೀಟರ್ ದೂರದಿಂದ ಗೇಣು ತಪ್ಪದೆ ಬರುವ ಜೀವಕ್ಕೆ ನಲ್ವತ್ತಡಿ ಆಚೆಯ ಮನೆ ಯಾಕೆ ಸಿಗಲಿಲ್ಲ? ಇದನ್ನು ತಿಳಿಯಲಿಕ್ಕೆ ನಾಲ್ಕು ಜನ ಹಳೆ ಜೇನು ಕೃಷಿಕರನ್ನು ಕೇಳಿದೆ, ಸಿಕ್ಕಿದ ಪುಸ್ತಕ ಓದಿದೆ. ತಿಳಿದದ್ದನ್ನು ಬರೆಯುತ್ತೇನೆ.

ಸೂರ್ಯನೇ ಮೊದಲ ದಿಕ್ಸೂಚಿ

ಹೂವು ಸಿಕ್ಕಿದ ನೊಣ ಗೂಡಿಗೆ ಬಂದು ಎರಿಯ ಮೇಲೆ ಹೊಟ್ಟೆ ಅಲ್ಲಾಡಿಸುತ್ತಾ ಕುಣಿಯುವುದನ್ನು ನೀವೂ ನೋಡಿರಬಹುದು. ಆ ಕುಣಿತದ ಅರ್ಥ ಬಿಡಿಸಿದವರು ಆಸ್ಟ್ರಿಯಾದಲ್ಲಿ ಹುಟ್ಟಿದ ಕಾರ್ಲ್ ಫಾನ್ ಫ್ರಿಶ್. 1973ರಲ್ಲಿ ಅವರಿಗೆ ನೊಬೆಲ್ ಬಹುಮಾನ ಬಂತು. ಕತ್ತಲೆಯ ಗೂಡಿನೊಳಗೆ ‘ಮೇಲೆ’ ಎಂದರೆ ಸೂರ್ಯ ಇರುವ ದಿಕ್ಕು. ನೇರ ಮೇಲಕ್ಕೆ ಕುಣಿದರೆ ಸೂರ್ಯನ ಕಡೆಗೇ ಹಾರಿ ಎಂದು. ಬಲಕ್ಕೆ ಓರೆಯಾಗಿ ಕುಣಿದರೆ ಸೂರ್ಯನಿಂದ ಅಷ್ಟೇ ಓರೆಗೆ ಬಲಕ್ಕೆ. ಸೂರ್ಯ ಮೋಡದ ಹಿಂದೆ ಇದ್ದರೂ ಎಲ್ಲಾದರೂ ಒಂದು ತುಂಡು ನೀಲಿ ಆಕಾಶ ಕಂಡರೆ ಸಾಕು. ನಮ್ಮ ಕಣ್ಣಿಗೆ ಕಾಣದ ಬೆಳಕಿನ ಒಂದು ಗುಣ ಅದರ ಕಣ್ಣಿಗೆ ಕಾಣುತ್ತದೆ, ಅದರಿಂದ ಸೂರ್ಯ ಎಲ್ಲಿ ಎಂದು ಲೆಕ್ಕ ಹಾಕುತ್ತದೆ. ಇಡೀ ಆಕಾಶ ಮುಚ್ಚಿದ್ದರೆ? ಗುರುತಿನ ಮರದ ಸಾಲು ನೋಡಿ, ಈ ಹೊತ್ತಿಗೆ ಸೂರ್ಯ ಇಂಥಾ ಕಡೆ ಇರಬೇಕು ಎಂದು ನೆನಪಿನಿಂದಲೇ ತಿಳಿಯುತ್ತದೆ. ಡಯರ್ ಮತ್ತು ಗೌಲ್ಡ್ ಎಂಬ ಇಬ್ಬರು 1981ರಲ್ಲಿ ಇದನ್ನು ತೋರಿಸಿಕೊಟ್ಟರು. ಆಷಾಢದಲ್ಲಿ ಮಳೆ ಬಿಟ್ಟ ಅರ್ಧ ಗಂಟೆಯಲ್ಲಿ ನಮ್ಮ ನೊಣ ಹೇಗೆ ಹೋಗಿ ಬರುತ್ತದೆ ಎಂಬುದಕ್ಕೆ ಇದೇ ಉತ್ತರ.

ನಮ್ಮ ಕರಾವಳಿಯ ನೊಣಕ್ಕೆ ಯುರೋಪಿನ ನೊಣಕ್ಕಿಲ್ಲದ ಒಂದು ತಾಪತ್ರಯ ಉಂಟು. ಉಡುಪಿಯಲ್ಲಿ ವರ್ಷಕ್ಕೆ ಎರಡು ಸಲ, ಏಪ್ರಿಲ್ 25ರ ಸುಮಾರಿಗೆ ಮತ್ತು ಆಗಸ್ಟ್ 17–18ರ ಸುಮಾರಿಗೆ, ಸೂರ್ಯ ಸರಿಯಾಗಿ ನೆತ್ತಿಯ ಮೇಲೆ ಬರುತ್ತಾನೆ. ಪೂರ್ಣಪ್ರಜ್ಞ ಕಾಲೇಜಿನ ಹವ್ಯಾಸಿ ಖಗೋಳ ಸಂಘದವರು ಇದನ್ನೇ ಶೂನ್ಯ ನೆರಳಿನ ದಿನ ಎಂದು ತಿಳಿಸಿಕೊಡುವುದು. ಕಂಬಕ್ಕೆ ನೆರಳಿಲ್ಲ. ನೆರಳಿಲ್ಲ ಎಂದರೆ ದಿಕ್ಕೂ ಇಲ್ಲ. ಆ ಎರಡು ದಿನಗಳ ನಡುವಿನ ತಿಂಗಳುಗಳಲ್ಲಿ ನಡುಮಧ್ಯಾಹ್ನದ ಸೂರ್ಯ ನಮಗೆ ಬಡಗಿನ ಕಡೆ ಇರುತ್ತಾನೆ, ಉಳಿದ ಕಾಲದಲ್ಲಿ ತೆಂಕು. ಅಡಿಕೆ ನೆಡುವಾಗ ಸಾಲನ್ನು ಪಡುವಣಕ್ಕೆ ಸ್ವಲ್ಪ ಓರೆ ಮಾಡಿ ಬಿಸಿಲು ಹೊಡೆತ ತಪ್ಪಿಸುವ ನಮಗೆ ಈ ಲೆಕ್ಕ ಹೊಸತಲ್ಲ. ಫ್ರಿಶ್ ಅವರ ಶಿಷ್ಯ ಮಾರ್ಟಿನ್ ಲಿಂಡಾವರ್ 1950ರ ದಶಕದಲ್ಲಿ ಸಿಲೋನಿಗೇ ಬಂದು ತುಡುವೆ, ಕೋಲುಜೇನು, ಹೆಜ್ಜೇನು ಮೂರನ್ನೂ ನೋಡಿದರು. ಸೂರ್ಯ ನೆತ್ತಿಗೆ ತೀರಾ ಹತ್ತಿರ ಬಂದಾಗ ಕುಣಿತದ ದಿಕ್ಕು ಗೊಂದಲವಾಗುತ್ತದೆ ಎಂದು ಕಂಡುಕೊಂಡರು.

ಇನ್ನು ದೂರದ ಲೆಕ್ಕ. ಇದನ್ನು ಬಿಡಿಸಿದವರಲ್ಲಿ ಮುಖ್ಯರು ಬೆಂಗಳೂರಿನಲ್ಲಿ ಇಂಜಿನಿಯರಿಂಗ್ ಕಲಿತು ಆಸ್ಟ್ರೇಲಿಯಾಕ್ಕೆ ಹೋದ ಮಂಡಯಂ ಶ್ರೀನಿವಾಸನ್. ಗೋಡೆಗೆ ಚಿತ್ತಾರ ಬಳಿದ ಆರು ಮೀಟರಿನ ಇಕ್ಕಟ್ಟು ಸುರಂಗದಲ್ಲಿ ನೊಣವನ್ನು ಹಾರಿಸಿದರು. ಅದು ಗೂಡಿಗೆ ಬಂದು ಇನ್ನೂರು ಮೀಟರಿನ ಹತ್ತಿರ ಹಾರಿದೆ ಎಂದು ಕುಣಿಯಿತು! ಬಸ್ಸಿನ ಕಿಟಕಿಯಲ್ಲಿ ಮರಗಳು ಹಿಂದೆ ಓಡಿದ ಹಾಗೆ, ಕಣ್ಣೆದುರು ಎಷ್ಟು ಚಿತ್ರ ಹಿಂದೆ ಸರಿಯಿತು ಎಂಬುದೇ ಅದರ ಅಳತೆಗೋಲು. 2000ದಲ್ಲಿ ಇದು ಪ್ರಕಟವಾಯಿತು. ನಿಂತ ನೀರಿನ ಮೇಲೆ ಹಾಗೆ ಸರಿಯಲಿಕ್ಕೆ ಎಂಥದೂ ಇಲ್ಲ. ಕನ್ನಡಿಯ ಹಾಗಿರುವ ನೀರಿನ ಮೇಲೆ ಹಾರುವ ನೊಣ ಎತ್ತರ ತಿಳಿಯದೆ ಕೆಳಗಿಳಿದು ನೀರಿಗೇ ಬಿದ್ದದ್ದನ್ನು ಲಿಂಡಾವರ್ ಜತೆಯವರು 1963ರಲ್ಲೇ ಬರೆದಿದ್ದಾರೆ. ಸ್ವರ್ಣಾ ಹೊಳೆಯ ಬದಿಯ ನಾವು ಇದನ್ನು ನೆನಪಿಡುವುದು ಒಳ್ಳೆಯದು. ಮೇವು ಆಚೆ ದಡದಲ್ಲಿದ್ದರೆ ಪೆಟ್ಟಿಗೆಯೂ ಆಚೆಯೇ ಇರಲಿ.

ಹೊಟ್ಟೆಯೊಳಗಿನ ಅಯಸ್ಕಾಂತ

ಈಗ ನೆರೆಮನೆಯವರ ಮಾತಿಗೆ ಬರುವ. ನೊಣದ ಕುಣಿತದಲ್ಲಿ ಒಂದು ಸಣ್ಣ ತಪ್ಪು ಯಾವಾಗಲೂ ಇರುತ್ತದೆ, ಹೊತ್ತಿಗೆ ಸರಿಯಾಗಿ ಹೆಚ್ಚು ಕಡಿಮೆ ಆಗುತ್ತದೆ. ಲಿಂಡಾವರ್ ಮತ್ತು ಮಾರ್ಟಿನ್ 1968ರಲ್ಲಿ ಗೂಡಿನ ಸುತ್ತ ತಂತಿ ಸುತ್ತಿ ಕರೆಂಟು ಕೊಟ್ಟು ಭೂಮಿಯ ಅಯಸ್ಕಾಂತ ಬಲವನ್ನು ಇಲ್ಲವಾಗಿಸಿದಾಗ ಆ ತಪ್ಪು ಮಾಯವಾಯಿತು. ಅಂದರೆ ನೊಣಕ್ಕೆ ಅದು ಗೊತ್ತಾಗುತ್ತಿತ್ತು. 1978ರಲ್ಲಿ ಅಮೆರಿಕದ ಗೌಲ್ಡ್ ಮತ್ತು ಸಂಗಡಿಗರಿಗೆ ನೊಣದ ಹೊಟ್ಟೆಯಲ್ಲಿ ಮ್ಯಾಗ್ನಟೈಟ್ ಎಂಬ ಕಬ್ಬಿಣದ ಅದಿರಿನ ಕಣಗಳು ಸಿಕ್ಕಿದವು. ಆಮೇಲೆ ವಾಕರ್ ಮತ್ತು ಬಿಟರ್‌ಮನ್ ಎಂಬವರು ಅಯಸ್ಕಾಂತದ ಗುರುತು ಹಿಡಿದು ಸಕ್ಕರೆ ನೀರು ಹುಡುಕಲು ನೊಣವನ್ನು ಪಳಗಿಸಿದರು. ಹೊಟ್ಟೆಗೆ ಅಯಸ್ಕಾಂತ ಮಾಡಿದ ತಂತಿಯ ಚೂರು ಅಂಟಿಸಿದರೆ ನೊಣಕ್ಕೆ ಗುರುತು ತಪ್ಪಿತು. ತಾಮ್ರದ ಚೂರು ಅಂಟಿಸಿದರೆ ತಪ್ಪಲಿಲ್ಲ.

ನನಗೆ ಇದರಲ್ಲಿ ಹೆಚ್ಚು ಖುಷಿ ಕೊಟ್ಟದ್ದು ಎರಿ ಕಟ್ಟುವ ವಿಷಯ. ಪಾಲಾಗಿ ಹೋದ ಹಿಂಡನ್ನು ದುಂಡಗಿನ ಪಾತ್ರೆಯಲ್ಲಿ ಬಿಟ್ಟರೆ ತಾಯಿಗೂಡಿನಲ್ಲಿ ಎರಿ ಯಾವ ದಿಕ್ಕಿಗಿತ್ತೋ ಅದೇ ದಿಕ್ಕಿಗೆ ಹೊಸ ಎರಿ ಕಟ್ಟುತ್ತದೆ. ಅಯಸ್ಕಾಂತದ ದಿಕ್ಕನ್ನು ಕೃತಕವಾಗಿ ತಿರುಗಿಸಿದರೆ ಎರಿಯೂ ತಿರುಗುತ್ತದೆ. ಕತ್ತಲೆಯಲ್ಲಿ ಸಾವಿರಾರು ನೊಣ ಒಂದೇ ಸಲ ಕೆಲಸ ಮಾಡುವಾಗ ಯಾರೂ ಯಾರನ್ನೂ ಕೇಳದೆ ಎರಿ ನೇರ ಬರುವುದು ಹೀಗೆ. ಆ ಪ್ರಯೋಗಗಳೆಲ್ಲ ಯುರೋಪಿನ ಜಾತಿಯ ನೊಣದ್ದು. ನಮ್ಮ ಹಿರಿಯರು ಜೇನು ಕೂರಿಸಲಿಕ್ಕೆ ದುಂಡಗಿನ ಮಡಕೆ ಕವುಚಿ ಇಡುತ್ತಿದ್ದರಲ್ಲ, ಅದರಲ್ಲಿ ಎರಿ ಯಾವ ದಿಕ್ಕಿಗಿತ್ತು ಎಂದು ಆಗ ನೋಡಬೇಕಿತ್ತು. ಪೆಟ್ಟಿಗೆಯಲ್ಲಾದರೆ ನಾವು ಚೌಕಟ್ಟು ಹೇಗೆ ಇಟ್ಟೆವೋ ಹಾಗೆಯೇ ಕಟ್ಟಬೇಕು, ಬೇರೆ ದಾರಿ ಇಲ್ಲ.

ಬಡಗು ಗೊತ್ತು, ಮನೆ ಗೊತ್ತಿಲ್ಲ

ಇಷ್ಟೆಲ್ಲ ಇದ್ದೂ ಯಾಕೆ ದಾರಿ ತಪ್ಪಿತು? ಇದನ್ನು ನನಗೆ ಅರ್ಥ ಮಾಡಿಸಿದವರು ಮಲ್ಪೆಯಲ್ಲಿ ಬೋಟಿಗೆ ಹೋಗುತ್ತಿದ್ದ ಒಬ್ಬ ಹಿರಿಯರು. ಜಿಪಿಎಸ್ ಬರುವ ಮೊದಲು ಅವರ ಬೋಟಿನಲ್ಲಿ ದಿಕ್ಸೂಚಿ ಇತ್ತು. “ಅದು ಬಡಗು ಯಾವುದೆಂದು ಹೇಳ್ತದೆ. ನಾನು ಕಾಪುವಿನ ಎದುರಿದ್ದೇನೋ ಮಲ್ಪೆಯ ಎದುರಿದ್ದೇನೋ ಅದು ಹೇಳುವುದಿಲ್ಲ” ಎಂದರು. ಅದಕ್ಕೆ ಕಾಪುವಿನ ದೀಪಸ್ತಂಭ ಕಾಣಬೇಕು. 1901ರಿಂದ ಅದು ನಿಂತಿರುವುದು ಅದಕ್ಕೇ. ದಿಕ್ಕು ಬೇರೆ, ಜಾಗ ಬೇರೆ.

ಅಯಸ್ಕಾಂತದಿಂದಲೇ ಜಾಗವನ್ನೂ ತಿಳಿಯುವ ಜೀವಿಗಳು ಇಲ್ಲವೆಂದಲ್ಲ. ನಮ್ಮ ಕುಂದಾಪುರ ಕಡೆಯ ಕಡಲ ಕರೆಗೆ ಮೊಟ್ಟೆ ಇಡಲು ಬರುವ ಕಡಲಾಮೆಯ ನೆಂಟ ಒಂದು ಜಾತಿ ಅಮೆರಿಕದಲ್ಲಿ ಉಂಟು. ಹುಟ್ಟಿದ ಕರೆಯ ಅಯಸ್ಕಾಂತದ ಬಲ ಮತ್ತು ಓರೆಯನ್ನು ವಿಳಾಸದ ಹಾಗೆ ನೆನಪಿಟ್ಟು ಅದು ವರ್ಷಗಳ ಮೇಲೆ ಹಿಂದೆ ಬರುತ್ತದೆ ಎನ್ನಲಿಕ್ಕೆ ಲೋಮನ್ ಎಂಬವರ ಬಳಗ ಬಲವಾದ ಸಾಕ್ಷಿ ಕೊಟ್ಟಿದೆ. ಆಮೆ ಓಡಾಡುವುದು ಸಾವಿರಾರು ಕಿ.ಮೀ. ಅಷ್ಟು ದೂರಕ್ಕೆ ಅಯಸ್ಕಾಂತದ ಬಲ ಬದಲಾಗುತ್ತದೆ. ನಮ್ಮ ತುಡುವೆ ಮೇಯುವುದು ಹೆಚ್ಚಾಗಿ ಒಂದು ಕಿ.ಮೀ.ಯ ಒಳಗೆ. 2020ರಲ್ಲಿ ಪ್ರಕಟವಾದ, ದಕ್ಷಿಣ ಭಾರತದಲ್ಲೇ ಮಾಡಿದ ಒಂದು ಅಧ್ಯಯನವೂ ತುಡುವೆಯ ಹರವು ಹೆಜ್ಜೇನಿಗಿಂತ ಬಹಳ ಸಣ್ಣದು ಎಂದೇ ಹೇಳುತ್ತದೆ. ಅಷ್ಟರೊಳಗೆ ಅಯಸ್ಕಾಂತದಲ್ಲಿ ಹೇಳುವಂಥ ವ್ಯತ್ಯಾಸ ಎಲ್ಲಿ ಬರಬೇಕು? ನನ್ನ ನಲ್ವತ್ತಡಿಯಂತೂ ಲೆಕ್ಕಕ್ಕೇ ಇಲ್ಲ.

(ಮೇಯುವ ದನಗಳು ಬಡಗು-ತೆಂಕಾಗಿ ನಿಲ್ಲುತ್ತವೆ ಎಂದು 2008ರಲ್ಲಿ ಉಪಗ್ರಹ ಚಿತ್ರ ನೋಡಿ ಕೆಲವರು ಬರೆದರು, 2011ರಲ್ಲಿ ಇನ್ನು ಕೆಲವರು ನೋಡಿ ಹಾಗೇನೂ ಇಲ್ಲ ಎಂದರು. ನಮ್ಮ ಹಟ್ಟಿಯ ದನ ಬೈಪಣೆ ಇರುವ ಕಡೆಗೆ ನಿಲ್ಲುತ್ತದೆ.)

ಹಾಗಾಗಿ ಮನೆಯ ಹತ್ತಿರ ಬಂದ ಮೇಲೆ ನೊಣ ನಂಬುವುದು ಕಣ್ಣನ್ನು. ಮಧ್ಯಾಹ್ನದ ಬಿಸಿಲಿಗೆ ಎಳೆ ನೊಣಗಳು ಹೊರಗೆ ಬಂದು, ಪೆಟ್ಟಿಗೆಗೆ ಮುಖ ಮಾಡಿ, ಆಚೆ ಈಚೆ ತೂಗುತ್ತಾ ಸುತ್ತು ದೊಡ್ಡದು ಮಾಡುವುದು ನೋಡಿದ್ದೀರಲ್ಲ? ಅದು ಆಟ ಅಲ್ಲ, ಪಾಠ. ಹಟ್ಟಿಯ ಮಾಡು, ತೆಂಗಿನ ಮರ, ಕಲ್ಲು ಎಲ್ಲ ಮನಸ್ಸಿನಲ್ಲಿ ಬರೆದುಕೊಳ್ಳುವುದು. ಒಮ್ಮೆ ಬರೆದುಕೊಂಡ ಮೇಲೆ ದಿನಾ ಹೊರಡುವಾಗ ಹಿಂದೆ ನೋಡುವುದಿಲ್ಲ. ಸಂತೆಕಟ್ಟೆಯಲ್ಲಿ ಹೆದ್ದಾರಿ ಅಗೆದು ಅಂಡರ್‌ಪಾಸ್ ಕೆಲಸ ಸುರುವಾದಾಗ ಮೂವತ್ತು ವರ್ಷದಿಂದ ಓಡಾಡಿದ ನಾವೇ ತಿರುಗುವಲ್ಲಿ ತಪ್ಪಿದ್ದೆವು. ನೊಣವನ್ನು ದೂರುವ ಹಾಗಿಲ್ಲ.

ಟವರಿನ ತಪ್ಪು ಇಲ್ಲಿ ಇರಲಿಲ್ಲ. ಆದರೆ ಹೈ ಟೆನ್ಶನ್ ಲೈನಿನ ವಿಷಯ ಅಷ್ಟು ಹಗುರ ಅಲ್ಲ. ಇಂಗ್ಲೆಂಡಿನ ಸೌತಾಂಪ್ಟನ್ ವಿಶ್ವವಿದ್ಯಾನಿಲಯದವರು 2018ರಲ್ಲಿ ಪ್ರಕಟಿಸಿದ ಹಾಗೆ, ಲೈನಿನ ಕೆಳಗೆ ನೆಲಮಟ್ಟದಲ್ಲಿ ಸಿಗುವಷ್ಟು ಅಯಸ್ಕಾಂತ ಬಲ ತಾಗಿದ ನೊಣಗಳ ಕಲಿಯುವ ಶಕ್ತಿ ಕಡಿಮೆಯಾಯಿತು. ಕಲಿಯದ ನೊಣ ಮೇವಿನಿಂದ ತಿರುಗಿ ಬರುವುದು ಕಷ್ಟ. ಉಡುಪಿ–ಕಾಸರಗೋಡು 400 ಕೆ.ವಿ. ಲೈನಿಗೆ ಕಾರ್ಕಳದ ಇನ್ನಾ ಮುಂತಾದ ಕಡೆ ಕೃಷಿಕರು ವಿರೋಧ ಮಾಡಿದ್ದು ತೋಟ ಹೋಗುತ್ತದೆಂದು. ಜೇನು ಇಡುವವರಿಗೆ ಇದೂ ಒಂದು ಕಾರಣ. ಲೈನಿನ ಅಡಿಯಲ್ಲಿ ಪೆಟ್ಟಿಗೆ ಇಡಬೇಡಿ, ಇದ್ದರೆ ತೆಗೆಯಿರಿ.

ತೆಗೆಯುವುದು ಹೇಗೆ

ಹಳೆಯವರು ಹೇಳಿಕೊಟ್ಟದ್ದು ಇಷ್ಟು. ಹತ್ತಿರವೇ ಸರಿಸಬೇಕಿದ್ದರೆ ದಿನಕ್ಕೆ ಒಂದಡಿ, ಹೆಚ್ಚೆಂದರೆ ಎರಡಡಿ, ಸಂಜೆ ನೊಣ ಒಳಗೆ ಬಂದ ಮೇಲೆ. ಬಾಗಿಲಿನ ಮುಖ ತಿರುಗಿಸಬಾರದು. ಮಳೆ ಬಂದು ನೊಣ ಹೊರಗೆ ಹೋಗದ ದಿನ ಲೆಕ್ಕಕ್ಕಿಲ್ಲ, ಆ ದಿನ ಸರಿಸಬಾರದು. ನನ್ನ ನಲ್ವತ್ತಡಿಗೆ ಒಂದು ತಿಂಗಳು ಬೇಕಿತ್ತು. ತಾಳ್ಮೆ ಇಲ್ಲದಿದ್ದರೆ ಒಮ್ಮೆಲೇ ದೂರ ಒಯ್ಯಬೇಕು, ಮೂರು ಕಿ.ಮೀ.ಯಾದರೂ ಆಚೆ. ಅಲ್ಲಿ ಹಳೆ ಗುರುತು ಒಂದೂ ಸಿಗದೆ ನೊಣ ಹೊಸತಾಗಿ ಪಾಠ ಸುರು ಮಾಡುತ್ತದೆ. ಜನವರಿಯಲ್ಲಿ ರಬ್ಬರ್ ತೋಟಕ್ಕೆ ಪೆಟ್ಟಿಗೆ ಒಯ್ಯುವವರು ರಾತ್ರಿ ಲಾರಿಯಲ್ಲಿ ಹೇರಿ ಹೋದರೂ ನೊಣ ಕಳೆದುಕೊಳ್ಳದಿರುವುದು ಇದಕ್ಕೇ.

ಉಳಿದ ಒಂದು ಪೆಟ್ಟಿಗೆಯನ್ನೂ ಹಟ್ಟಿ ಬದಿಯಿಂದ ತೆಗೆಯಬೇಕಿತ್ತು. ಈ ಸಲ ಅದನ್ನು ಬ್ರಹ್ಮಾವರ ಕಡೆಯ ತಂಗಿಯ ಮನೆಗೆ ಒಯ್ದು ಮೂರು ವಾರ ಇಟ್ಟೆ. ಹೊರಗೆ ದುಡಿಯುವ ನೊಣದ ಆಯುಷ್ಯವೇ ಸ್ವಲ್ಪ, ಹಳೆ ಜಾಗ ನೆನಪಿದ್ದವು ಅಷ್ಟರಲ್ಲಿ ಹೆಚ್ಚಿನಂಶ ಮುಗಿದಿರುತ್ತವೆ. ತಂದು ಹೊಸ ಜಾಗದಲ್ಲಿ ಇಟ್ಟು, ಬಾಗಿಲಿಗೆ ಅಡ್ಡ ಒಂದು ಸೊಪ್ಪಿನ ಗೆಲ್ಲು ಸಿಕ್ಕಿಸಿದೆ. ಅಡ್ಡ ಏನೋ ಉಂಟು ಎಂದು ನೊಣ ನಿಂತು, ತಿರುಗಿ ನೋಡಿ ಹೊರಡುತ್ತದೆ. ಹಳೆ ಕಲ್ಲಿನ ಹತ್ತಿರ ಆ ದಿನ ಹತ್ತು ಹನ್ನೆರಡು ನೊಣ ಕಂಡವು, ಮರುದಿನ ಇರಲಿಲ್ಲ. ಮಾರ್ಚಿನಲ್ಲಿ ಅದೇ ಪೆಟ್ಟಿಗೆಯಿಂದ ನಾಲ್ಕು ಬಾಟ್ಲಿ ಜೇನು ತೆಗೆದೆ.

ಬರುವ ಏಪ್ರಿಲ್ 25ಕ್ಕೆ ಮೋಡ ಇಲ್ಲದಿದ್ದರೆ ಮಧ್ಯಾಹ್ನ ಹನ್ನೆರಡೂವರೆಯ ಹೊತ್ತಿಗೆ ಆ ಪೆಟ್ಟಿಗೆಯ ಎದುರು ಕೂತುಕೊಳ್ಳುವವನಿದ್ದೇನೆ. ನೆರಳು ಇಲ್ಲದ ಆ ಹತ್ತಿಪ್ಪತ್ತು ನಿಮಿಷ ನೊಣ ಹೊರಡುವುದು ಕಡಿಮೆ ಮಾಡುತ್ತದೋ ಇಲ್ಲವೋ ಎಣಿಸಿ ನೋಡಬೇಕು. ನಿಮ್ಮಲ್ಲಿಯೂ ಪೆಟ್ಟಿಗೆ ಇದ್ದರೆ ನೋಡಿ, ಎಣಿಸಿದ್ದನ್ನು ಪತ್ರಿಕೆಗೆ ಬರೆಯಿರಿ.