ಮ್ಯಾಕ್ರೋ ನೆನಪಿಟ್ಟುಕೊಳ್ಳೋದು ಏನನ್ನು?

ಹೊಸೂರಿನ ಸಣ್ಣ ವರ್ಕ್‌ಶಾಪೊಂದನ್ನು ಊಹಿಸಿಕೊಳ್ಳಿ. ದಿನಾ ಬೇರೆ ಬೇರೆ ಪ್ಲೇಟು, ಆದರೆ ಟೂಲು, ವೇಗ, ಆಳ ಅಂತ ಅದೇ ಇಪ್ಪತ್ತು ಕ್ಲಿಕ್ಕು. ಫ್ರೀಕ್ಯಾಡ್‌ನಲ್ಲಿ ಒಮ್ಮೆ ರೆಕಾರ್ಡ್ ಮಾಡಿಟ್ಟರೆ ಇದರಲ್ಲಿ ಬಹಳಷ್ಟು ಪೈಥಾನ್ ಮ್ಯಾಕ್ರೋ ಆಗುತ್ತದೆ.

ತೊಡಕಿರೋದು ಇಲ್ಲೇ. ರೆಕಾರ್ಡರ್ ಬರೆದುಕೊಳ್ಳುವುದು ನಾವು ಒತ್ತಿದ್ದನ್ನು, ನಮ್ಮ ಉದ್ದೇಶವನ್ನಲ್ಲ. ಚೌಕ ಬ್ಲಾಕಿನ ಮೇಲ್ಮೈಯನ್ನು ಆರಿಸಿದರೆ ಅದು ‘ಫೇಸ್ 6’ ಅಂತ ದಾಖಲಾಗುತ್ತದೆ. ಅದೇ ಬ್ಲಾಕಿನಲ್ಲಿ ಒಂದು ಸ್ಲಾಟ್ ಕೊರೆದು ನೋಡಿ, ಆ ಸಂಖ್ಯೆ ಬೇರೆ ಮೈಗೆ ಹೋಗಿರಬಹುದು! 2024ರ ನವೆಂಬರಿನಲ್ಲಿ ಬಂದ 1.0 ಆವೃತ್ತಿ ಈ ಕಾಟವನ್ನು ತಗ್ಗಿಸಿದೆ. ಆದರೂ ಬೇರೆ ಫೈಲಿನ ಮೇಲೆ ಹಳೇ ಸಂಖ್ಯೆಯನ್ನು ನಂಬೋ ಹಾಗಿಲ್ಲ.

ಹಾಗಾಗಿ ಸಂಖ್ಯೆ ತೆಗೆದು, ಎಲ್ಲಕ್ಕಿಂತ ಎತ್ತರದ ಸಮತಟ್ಟಾದ ಮೈಯನ್ನು ಹುಡುಕುವ ಕೆಲವು ಸಾಲುಗಳನ್ನು ನಾವೇ ಬರೆಯಬೇಕು. ಸಿಮ್ಯುಲೇಶನ್ ನೋಡದೆ ಮೆಷಿನ್ನಿಗೆ ಕಳಿಸಿದರೆ ಟೂಲು ನೇರವಾಗಿ ವೈಸಿಗೇ ಇಳಿದೀತು.